ಕೊಲೆಯ ಕತೆಗೆ ಬಹುಮಾನ

2024ರ ಮೇ ತಿಂಗಳಲ್ಲಿ ಲಂಡನ್ನಿನಲ್ಲಿ ಬಾಫ್ಟಾ ಟೆಲಿವಿಷನ್ ಪ್ರಶಸ್ತಿಗಳನ್ನು ಕೊಟ್ಟರು. 'ಹ್ಯಾಪಿ ವ್ಯಾಲಿ' ಎಂಬ ಪೊಲೀಸ್ ಸರಣಿಗೆ ಆ ರಾತ್ರಿ ಸಿಕ್ಕ ಮರ್ಯಾದೆ ವಿಚಿತ್ರವಾಗಿತ್ತು. ಸಾರ್ಜೆಂಟ್ ಕ್ಯಾಥರೀನ್ ಕಾವುಡ್ ಪಾತ್ರ ಮಾಡಿದ ಸಾರಾ ಲ್ಯಾಂಕಶೈರ್ ಅತ್ಯುತ್ತಮ ನಟಿ ಎನ್ನಿಸಿಕೊಂಡರು. ಜನ ಮತ ಹಾಕಿ ಆರಿಸುವ 'ಮರೆಯಲಾಗದ ಗಳಿಗೆ' ಎಂಬ ಬಹುಮಾನವೂ ಅದೇ ಸರಣಿಯ ಕೊನೆಯ ಅಡುಗೆಮನೆ ದೃಶ್ಯಕ್ಕೆ ಬಂತು. ಆದರೆ ಅತ್ಯುತ್ತಮ ನಾಟಕ ಸರಣಿ ಎಂಬ ದೊಡ್ಡ ಪ್ರಶಸ್ತಿ ಮಾತ್ರ 'ಟಾಪ್ ಬಾಯ್' ಎಂಬ ಬೇರೊಂದು ಸರಣಿಯ ಪಾಲಾಯಿತು. ನಟಿ ಗೆದ್ದಳು, ದೃಶ್ಯ ಗೆದ್ದಿತು, ಇಡೀ ಕೃತಿ ಸೋತಿತು. ಸೋತಿದ್ದು ಸಾಮಾನ್ಯ ಕೃತಿಯೇನಲ್ಲ, 2015ರಲ್ಲಿ ಮತ್ತು 2017ರಲ್ಲಿ ಇದೇ ಪ್ರಶಸ್ತಿಯನ್ನು ಎರಡು ಸಲ ಗೆದ್ದದ್ದು.

ಇಂಗ್ಲೆಂಡಿನ ಈ ಲೆಕ್ಕಾಚಾರ ಸಿರಸಂಗಿ, ಬೈಲಹೊಂಗಲ, ಸವದತ್ತಿಯ ನಮಗೆ ಯಾಕೆ ಎಂದು ಕೇಳುವವರಿದ್ದಾರೆ. ಕೇಳಬೇಕಾದ್ದೇ. ನನ್ನ ಉತ್ತರ ಇಷ್ಟು: ನಟನ ಕಸುಬು ಬೇರೆ, ಒಂದು ದೃಶ್ಯದ ಬಲ ಬೇರೆ, ಇಡೀ ಕೃತಿಯ ತೂಕ ಬೇರೆ, ಮೂರನ್ನೂ ಬೇರೆಬೇರೆ ತಕ್ಕಡಿಯಲ್ಲಿ ತೂಗಬೇಕು ಎಂಬ ತಿಳಿವಳಿಕೆ ಆ ಒಂದು ರಾತ್ರಿಯಲ್ಲಿ ಕಾಣಿಸುತ್ತದೆ. ನಮ್ಮಲ್ಲಿ ಮೊದಲ ಎರಡು ತಕ್ಕಡಿಗಳು ಬಹಳ ಹಿಂದಿನಿಂದ ಇವೆ. ಮೂರನೆಯದು ಇಲ್ಲ. ಅದು ಇಲ್ಲದ್ದರಿಂದಲೇ ಅಪರಾಧದ ಕತೆಯನ್ನು ಗಂಭೀರವಾಗಿ ಹೇಳುವ ಕಲೆ ನಮ್ಮಲ್ಲಿ ಹುಟ್ಟಿಯೂ ಬೆಳೆಯದೆ ನಿಂತಿದೆ.

ಹುಟ್ಟಿದ್ದು ಎಲ್ಲಿ ಎಂದರೆ ದೂರ ಹೋಗಬೇಕಿಲ್ಲ, ಇದೇ ಬೈಲಹೊಂಗಲದ ಸೀಮೆಯಲ್ಲಿ. 'ಸಂಗ್ಯಾ ಬಾಳ್ಯಾ' ಸಣ್ಣಾಟ ಉತ್ತರ ಕರ್ನಾಟಕದ ಯಾವ ಹಳ್ಳಿಯವರಿಗೂ ಹೊಸದಲ್ಲ. ಹತ್ತೊಂಬತ್ತನೆಯ ಶತಮಾನದಲ್ಲಿ ಈ ಭಾಗದಲ್ಲಿ ನಿಜವಾಗಿ ನಡೆದ ಕೊಲೆಯೊಂದೇ ಅದಕ್ಕೆ ಮೂಲ ಎಂಬ ಮಾತು ತಲೆಮಾರುಗಳಿಂದ ನಡೆದುಬಂದಿದೆ. ಅದನ್ನು ಆಟವಾಗಿ ಕಟ್ಟಿದವರು ಬೈಲವಾಡದ ಪತ್ತಾರ ಮಾಸ್ತರರು ಎಂದು ಜನ ನೆನೆಯುತ್ತಾರೆ. ಅದನ್ನು ಸಂಪಾದಿಸಿ ಓದುಗರ ಮುಂದಿಟ್ಟವರು ಇದೇ ಬೆಳಗಾವಿ ಜಿಲ್ಲೆಯ ಘೋಡಗೇರಿಯವರಾದ ಚಂದ್ರಶೇಖರ ಕಂಬಾರರು. ಕತೆ ಗೊತ್ತಿರುವುದೇ. ಸಂಗ್ಯಾ, ಬಾಳ್ಯಾ ಜೀವದ ಗೆಳೆಯರು. ಸಂಗ್ಯಾನ ಕಣ್ಣು ಈರಣ್ಣನ ಹೆಂಡತಿ ಗಂಗಿಯ ಮೇಲೆ ಬೀಳುತ್ತದೆ. ನಡುವೆ ಮಾತು ಸಾಗಿಸಲು ಒಬ್ಬ ಮುದುಕಿ ಸಿಗುತ್ತಾಳೆ. ವ್ಯಾಪಾರಕ್ಕೆ ಹೋದ ಗಂಡ ತಿರುಗಿ ಬರುತ್ತಾನೆ, ಸುದ್ದಿ ಮುಟ್ಟುತ್ತದೆ. ಕೊನೆಗೆ ಈರಣ್ಣ ಮತ್ತು ಅವನ ತಮ್ಮಂದಿರ ಕೈಯಲ್ಲಿ ಸಂಗ್ಯಾ ಸಾಯುತ್ತಾನೆ. ಅವನನ್ನು ಆ ಕೈಗಳಿಗೆ ಒಪ್ಪಿಸುವವನು ಮಾತ್ರ ಹಣದ ಆಸೆಗೆ ಬಿದ್ದ ಬಾಳ್ಯಾ.

ಇದನ್ನು ಅಪರಾಧ ನಾಟಕ ಎನ್ನದೆ ಮತ್ತೇನು ಎನ್ನಬೇಕು? ಕೊಲೆಗಾರ ಯಾರು ಎಂಬ ಗುಟ್ಟೇ ಇದರಲ್ಲಿಲ್ಲ. ಆಟ ಶುರುವಾಗುವ ಮೊದಲೇ ಕೂತವರಿಗೆಲ್ಲ ಸಂಗ್ಯಾ ಸಾಯುವುದು ಗೊತ್ತು. ಕೊಲ್ಲುವವರೂ ಗೊತ್ತು. ಹಾಗಿದ್ದೂ ನಸುಕಿನವರೆಗೆ ಕಂಬಳಿ ಹೊದ್ದು ಕೂಡುತ್ತಾರೆ, ಯಾಕೆಂದರೆ ಅವರು ಕಾಯುವುದು ಬಾಳ್ಯಾ ಜಾರುವ ಆ ಗಳಿಗೆಗೆ. ಗೆಳೆತನ ಎಷ್ಟಕ್ಕೆ ಮಾರಾಟವಾಗುತ್ತದೆ ಎಂಬುದನ್ನು ಕಣ್ಣಾರೆ ನೋಡುವುದಕ್ಕೆ. 'ಹ್ಯಾಪಿ ವ್ಯಾಲಿ'ಯ ಕಟ್ಟಾಣಿಕೆಯೂ ಇದೇ. ಟಾಮಿ ಲೀ ರಾಯ್ಸ್ ಎಂಬ ದುಷ್ಟ ಮೊದಲ ಕಂತಿನಿಂದಲೇ ನಮಗೆ ಗೊತ್ತು. ಅವನು ಕ್ಯಾಥರೀನಳ ಮಗಳನ್ನು ಕೆಡಿಸಿದ. ಮಗಳು ಹೆತ್ತು ಜೀವ ಕಳೆದುಕೊಂಡಳು. ಆ ಕೂಸನ್ನು ಅಜ್ಜಿಯೇ ಸಾಕುತ್ತಿದ್ದಾಳೆ, ಮತ್ತು ಆ ಅಜ್ಜಿ ಪೊಲೀಸಿನವಳು. ಪತ್ತೆ ಹಚ್ಚುವುದಕ್ಕೆ ಅಲ್ಲಿ ಏನೂ ಉಳಿದಿಲ್ಲ. ಬಾಳುವುದು ಹೇಗೆ ಎಂಬುದೊಂದೇ ಉಳಿದಿದೆ.

ಜನ ಬಹುಮಾನ ಕೊಟ್ಟ ಆ ಅಡುಗೆಮನೆಯ ದೃಶ್ಯವನ್ನು ಸ್ವಲ್ಪ ಹತ್ತಿರದಿಂದ ನೋಡೋಣ. ಗಾಯಗೊಂಡು ಓಡಿಬಂದ ಟಾಮಿ ಕ್ಯಾಥರೀನಳ ಮನೆಗೇ ನುಗ್ಗಿ ಮೇಜಿನ ಮುಂದೆ ಕುಳಿತಿದ್ದಾನೆ. ಅಲ್ಲಿದ್ದ ಆಲ್ಬಮ್ ತೆಗೆದು ತನ್ನ ಮಗ ಬೆಳೆದುಬಂದ ಫೋಟೋಗಳನ್ನು ನೋಡಿದ್ದಾನೆ. ಅವಳು ಒಳಗೆ ಬರುತ್ತಾಳೆ. ಇಬ್ಬರೂ ಕುಳಿತು ಮಾತಾಡುತ್ತಾರೆ. ಹೊಡೆದಾಟವಿಲ್ಲ, ಓಟವಿಲ್ಲ. ಎಷ್ಟೋ ವರ್ಷ ಬೇಟೆಯಾಡಿದವಳು, ಅಷ್ಟೇ ವರ್ಷ ಹಗೆ ಸಾಧಿಸಿದವನು, ಇಬ್ಬರಿಗೂ ಬೇಕಾದವನು ಒಬ್ಬನೇ ಹುಡುಗ. ಬರಹಗಾರ್ತಿ ಸ್ಯಾಲಿ ವೈನ್‌ರೈಟ್ ಎರಡನೆಯ ಭಾಗವನ್ನು 2016ಕ್ಕೆ ಮುಗಿಸಿ, ಮೂರನೆಯದಕ್ಕೆ 2023ರವರೆಗೆ ಕಾದರು. ಹುಡುಗನ ಪಾತ್ರ ಮಾಡುವ ನಟ ನಿಜವಾಗಿಯೂ ಬೆಳೆದು, ತಂದೆಯ ಬಗ್ಗೆ ತಾನೇ ತೀರ್ಮಾನಿಸುವ ವಯಸ್ಸಿಗೆ ಬರಲಿ ಎಂದು. ಆ ಕಾಯುವಿಕೆಯ ಬಡ್ಡಿಯೆಲ್ಲ ಆ ಅಡುಗೆಮನೆಯಲ್ಲಿ ಒಟ್ಟಿಗೆ ಬಂದು ಬಿತ್ತು. ಏಳು ವರ್ಷ ಕಾಯುತ್ತೇನೆ ಎಂದ ಬರಹಗಾರ್ತಿಗೆ ಕಾಯಲು ಬಿಟ್ಟ ವ್ಯವಸ್ಥೆಯೊಂದು ಬೆನ್ನಿಗಿತ್ತು ಎಂಬುದನ್ನು ಮರೆಯಬಾರದು. ಹಿಂದಿನ ಎರಡು ಭಾಗಗಳಿಗೂ ಬಾಫ್ಟಾ ಬಂದಿತ್ತು. ಅಂಥ ಕೃತಿಯನ್ನು ಅವಸರಪಡಿಸುವ ಧೈರ್ಯ ಯಾವ ಚಾನಲ್‌ಗೂ ಸುಲಭಕ್ಕೆ ಬರುವುದಿಲ್ಲ.

ಈಗ ನಮ್ಮ ಆಟದ ಕಟ್ಟೆಗೆ ಬರೋಣ. ಸಣ್ಣಾಟದಲ್ಲಿ ಬಹುಮಾನ ಎಂದರೆ ಆಯೇರಿ. ಬಾಳ್ಯಾನ ಪಾತ್ರಧಾರಿ ಒಂದು ಪದವನ್ನು ಗಂಟಲು ಬಿಚ್ಚಿ ಹಾಡಿ, ಕೊನೆಯ ಸೊಲ್ಲಿಗೆ ಪೇಟಿಯವನೂ ಮ್ಯಾಳದವರೂ ಒಂದಾಗಿ ಎತ್ತಿದರೆಂದು ಇಟ್ಟುಕೊಳ್ಳಿ. ಹಿಂದಿನ ಸಾಲಿನಿಂದ ಒಬ್ಬ ಎದ್ದು, ಕೂತವರ ನಡುವೆ ಕಾಲು ಬಿಡಿಸಿಕೊಂಡು, ಅಟ್ಟದ ಹತ್ತಿರ ಬಂದು ನೋಟು ನೀಡುತ್ತಾನೆ. ಆಟ ನಿಲ್ಲುತ್ತದೆ. ಕೊಟ್ಟವನ ಹೆಸರು, ಅವನ ಊರು, ಕೊಟ್ಟ ಮೊತ್ತ ಎಲ್ಲವನ್ನೂ ಮೈಕಿನಲ್ಲಿ ಸಾರುತ್ತಾರೆ. ಪಾತ್ರಧಾರಿ ಪಾತ್ರದಿಂದ ಅರ್ಧ ಹೊರಬಂದು ಕೈ ಮುಗಿಯುತ್ತಾನೆ. 'ಚಲೋ ಹಾಡ್ಯಾನೋ' ಎಂದು ಯಾರೋ ಕೂಗುತ್ತಾರೆ. ಮರುಕ್ಷಣ ಅದೇ ಬಾಳ್ಯಾ ಗೆಳೆಯನನ್ನು ಮಾರಲು ಹೊರಡುತ್ತಾನೆ. ಇಷ್ಟು ಪ್ರಾಮಾಣಿಕವಾದ ಪ್ರಶಸ್ತಿ ಬೇರೊಂದಿಲ್ಲ. ಅರ್ಜಿಯಿಲ್ಲ, ಶಿಫಾರಸಿಲ್ಲ, ಆಯ್ಕೆ ಸಮಿತಿಯಿಲ್ಲ. ಮೆಚ್ಚಿದವನು ಮೆಚ್ಚಿದ ಗಳಿಗೆಯಲ್ಲೇ ತನ್ನ ಕಿಸೆಯಿಂದ ಕೊಡುತ್ತಾನೆ. ಕಂಪನಿ ನಾಟಕಗಳ ಕಾಲದಲ್ಲಿ ಪ್ರೇಕ್ಷಕರು ನಟರಿಗೆ ಪದಕ ತೊಡಿಸುತ್ತಿದ್ದುದೂ ಇದರದೇ ಶ್ರೀಮಂತ ರೂಪ.

ಆದರೆ ಆಯೇರಿ ಬರುವುದು ಹಾಡಿದವನಿಗೆ, ಆ ಪದಕ್ಕೆ. ಆಟಕ್ಕೆ ಬರುವುದಿಲ್ಲ. ಕತೆಯನ್ನು ಕಟ್ಟಿದವನಿಗೆ, ಬಾಳ್ಯಾನ ಮನಸ್ಸು ತಿರುಗುವ ಜಾಗವನ್ನು ಸರಿಯಾದ ಹೊತ್ತಿಗೆ ಇಟ್ಟವನಿಗೆ, ಇಡೀ ರಾತ್ರಿ ಕಟ್ಟೆಯ ಬದಿಯಲ್ಲಿ ಪೇಟಿ ಒತ್ತಿದವನಿಗೆ ಅದರಲ್ಲಿ ಪಾಲು ಸಿಗಬಹುದು, ಮಾನ್ಯತೆ ಸಿಗುವುದಿಲ್ಲ. ಬಾಫ್ಟಾದವರು ಇದನ್ನು ಬೇರೆ ಥರ ಮಾಡಿಕೊಂಡಿದ್ದಾರೆ. ನಟನಟಿಯರ ಸಮಾರಂಭದ ಜೊತೆಗೆ ಕಸುಬುದಾರರಿಗೆಂದೇ ಪ್ರತ್ಯೇಕ ಪ್ರಶಸ್ತಿ ಸಂಜೆಯೊಂದಿದೆ: ಬರಹ, ಸಂಕಲನ, ಧ್ವನಿ, ಛಾಯಾಗ್ರಹಣ, ಪ್ರಸಾಧನ, ಹೊಸ ಪ್ರತಿಭೆ. ಮೊದಲ ಸುತ್ತಿನಲ್ಲಿ ಸದಸ್ಯರ ಮತದಿಂದ ಪಟ್ಟಿ ತಯಾರಾಗುತ್ತದೆ. ಆಮೇಲೆ ಕಸುಬು ಬಲ್ಲವರ ಚಿಕ್ಕ ತೀರ್ಪುಗಾರ ಮಂಡಳಿ ಕೂತು, ನೋಡಿ, ವಾದಿಸಿ ಒಂದನ್ನು ಆರಿಸುತ್ತದೆ. ತೂಗುವುದು ಆ ವರ್ಷದ ಕೆಲಸವನ್ನು. ಮಾಡಿದವನ ಜಾತಕವನ್ನಲ್ಲ.

ನಮ್ಮ ಸರ್ಕಾರಿ ಮಾನ್ಯತೆ ಇದರ ಉಲ್ಟಾ ದಿಕ್ಕಿನಲ್ಲಿ ನಡೆಯುತ್ತದೆ. ರಾಜ್ಯೋತ್ಸವ ಪ್ರಶಸ್ತಿಯನ್ನೇ ನೋಡಿ. ಐದು ಲಕ್ಷ ರೂಪಾಯಿ, 25 ಗ್ರಾಂ ಬಂಗಾರದ ಪದಕ. ಎಷ್ಟು ಜನರಿಗೆ ಎಂಬುದನ್ನು ನಿರ್ಧರಿಸುವುದು ರಾಜ್ಯದ ವಯಸ್ಸು: 2023ರಲ್ಲಿ 68, 2024ರಲ್ಲಿ 69. ಪಡೆಯುವವರು ಸಾಮಾನ್ಯವಾಗಿ ಅರವತ್ತು ದಾಟಿರಬೇಕು. ಹೀಗೆ ಸಂಖ್ಯೆಯನ್ನು ರಾಜ್ಯದ ವಯಸ್ಸು ನಿರ್ಧರಿಸಿದರೆ, ಅರ್ಹತೆಯನ್ನು ಕಲಾವಿದನ ವಯಸ್ಸು ನಿರ್ಧರಿಸುತ್ತದೆ. ಅವನು ಏನು ಮಾಡಿದ, ಯಾವ ಆಟದಲ್ಲಿ, ಅದರಲ್ಲಿ ಹೊಸತೇನಿತ್ತು ಎಂಬ ಪ್ರಶ್ನೆಗೆ ಪ್ರಶಸ್ತಿ ಪತ್ರದಲ್ಲಿ ಒಂದು ಸಾಲಿನ ಜಾಗವೂ ಇರುವುದಿಲ್ಲ. 'ಬಯಲಾಟ ಕ್ಷೇತ್ರದಲ್ಲಿ ಸಲ್ಲಿಸಿದ ಸೇವೆ' ಎಂದರೆ ಮುಗಿಯಿತು. ಅಕಾಡೆಮಿಗಳ ವಾರ್ಷಿಕ ಗೌರವಗಳ ಒಲವೂ ಬಹುಮಟ್ಟಿಗೆ ಇದೇ ಕಡೆಗೆ. ಮುಪ್ಪಿನಲ್ಲಿ ಮಾಸಾಶನ ಕೊಡುವುದು ಬೇಕಾದ್ದೇ, ಅದರ ಬಗ್ಗೆ ನನಗೆ ಒಡಕು ಮಾತಿಲ್ಲ. ಆದರೆ ಮಾಸಾಶನ ಕೊಡುವ ಮನಸ್ಸಿನಿಂದಲೇ ಪ್ರಶಸ್ತಿಯನ್ನೂ ಕೊಟ್ಟರೆ ಅದು ಕರುಣೆಯಾಗುತ್ತದೆ. ವಿಮರ್ಶೆಯ ಕೆಲಸ ಹಾಗೆಯೇ ಉಳಿಯುತ್ತದೆ.

ಏಣಗಿ ಬಾಳಪ್ಪನವರು ಇದೇ ಸವದತ್ತಿ ಸೀಮೆಯ ಏಣಗಿಯವರು. 1914ರಲ್ಲಿ ಹುಟ್ಟಿ 2017ರಲ್ಲಿ ತೀರಿಕೊಂಡರು. ನೂರು ದಾಟಿದ ಬಾಳು, ಅದರ ಬಹುಭಾಗ ರಂಗದ ಮೇಲೆ. ಚಿಕ್ಕಂದಿನಲ್ಲಿ ಹೆಣ್ಣು ಪಾತ್ರ ಮಾಡಿ, ಕಲಾವೈಭವ ನಾಟ್ಯ ಸಂಘ ಕಟ್ಟಿ, 'ಜಗಜ್ಯೋತಿ ಬಸವೇಶ್ವರ' ನಾಟಕದ ಬಸವಣ್ಣನಾಗಿ ಹಳ್ಳಿಹಳ್ಳಿಗೆ ಹೋದವರು. ಕೇಂದ್ರ ಸಂಗೀತ ನಾಟಕ ಅಕಾಡೆಮಿ ಪ್ರಶಸ್ತಿಯೂ ಸೇರಿ ಅನೇಕ ಗೌರವಗಳು ಅವರನ್ನು ಹುಡುಕಿಕೊಂಡು ಬಂದವು, ಬರಲೇಬೇಕಿತ್ತು. ಆದರೆ ಅವರ ಯಾವ ನಾಟಕದ ಯಾವ ಪ್ರಯೋಗ ಯಾವ ವರ್ಷ ಉಳಿದೆಲ್ಲ ಕಂಪನಿಗಳ ಪ್ರಯೋಗಕ್ಕಿಂತ ಮೇಲಾಗಿತ್ತು, ಯಾಕೆ ಮೇಲಾಗಿತ್ತು ಎಂದು ಆ ಕಾಲದಲ್ಲಿ ಕೂತು ತೂಗಿ ಬರೆದಿಟ್ಟ ತೀರ್ಪು ಎಲ್ಲಿದೆ? ಬಾಳಪ್ಪನವರು ದೊಡ್ಡವರು ಎಂದು ನಮಗೆಲ್ಲ ಗೊತ್ತು, ದೊಡ್ಡತನ ಯಾವ ದೃಶ್ಯದಲ್ಲಿ ಹೇಗಿತ್ತು ಎಂಬುದು ಅವರನ್ನು ನೋಡಿದ ಮುದುಕರ ಜೊತೆಗೇ ಹೋಗುತ್ತಿದೆ.

ಟೆಲಿವಿಷನ್ ಕಡೆಗೆ ಬಂದರೆ ಸಂಗತಿ ಇನ್ನೂ ತಮಾಷೆಯಾಗಿದೆ. ನಮ್ಮ ಚಾನಲ್‌ಗಳು ತಮ್ಮ ಧಾರಾವಾಹಿಗಳಿಗೆ ತಾವೇ ಪ್ರಶಸ್ತಿ ಕೊಟ್ಟುಕೊಳ್ಳುತ್ತವೆ. ಜೀ ಕನ್ನಡಕ್ಕೆ ಕುಟುಂಬ ಅವಾರ್ಡ್ಸ್, ಕಲರ್ಸ್ ಕನ್ನಡಕ್ಕೆ ಅನುಬಂಧ. ಹೆಸರುಗಳನ್ನು ಗಮನಿಸಿ. ಕುಟುಂಬ, ಅನುಬಂಧ. ಮೆಚ್ಚಿನ ಅತ್ತೆ, ಮೆಚ್ಚಿನ ಸೊಸೆ, ಮೆಚ್ಚಿನ ಜೋಡಿ ಎಂದು ವಿಭಾಗಗಳು. ಮಾಡಬೇಡಿ ಎಂದು ನಾನು ಹೇಳುತ್ತಿಲ್ಲ, ಅಂಗಡಿಯವನು ತನ್ನ ಸರಕಿಗೆ ತಾನೇ ಹಾರ ಹಾಕಿಕೊಂಡರೆ ಕಾನೂನು ಅಡ್ಡ ಬರುವುದಿಲ್ಲ. ಆದರೆ ವಿಭಾಗ ಇಲ್ಲದ್ದಕ್ಕೆ ಬಹುಮಾನವೂ ಇರುವುದಿಲ್ಲ, ಬಹುಮಾನ ಇಲ್ಲದ್ದಕ್ಕೆ ಮುಂದಿನ ವರ್ಷ ಬಂಡವಾಳವೂ ಇರುವುದಿಲ್ಲ. ಸವದತ್ತಿಯ ಠಾಣೆಯೊಂದರಲ್ಲಿ ರಾತ್ರಿ ಪಾಳಿಯ ಹೆಡ್ ಕಾನ್‌ಸ್ಟೆಬಲ್ ಕತೆಯನ್ನು ಯಾರಾದರೂ ಧಾರಾವಾಹಿ ಮಾಡಿದರೆ ಅವಳನ್ನು ಯಾವ ವಿಭಾಗದಲ್ಲಿ ಕೂರಿಸುತ್ತಾರೆ? ಅತ್ತೆಯೆಂದೇ, ಸೊಸೆಯೆಂದೇ?

ಕನ್ನಡದ ಕಿರುತೆರೆಗೆ ಅಪರಾಧ ಹೊಸದೇನಲ್ಲ. ರವಿ ಬೆಳಗೆರೆಯವರ 'ಕ್ರೈಂ ಡೈರಿ', ಉದಯ ಟಿವಿಯ 'ಕ್ರೈಂ ಸ್ಟೋರಿ' ಹೆಸರು ಕೇಳದ ಮನೆ ಆಗ ಕಡಿಮೆ. ಆದರೆ ಅವು ನಡೆದುಹೋದ ಕೊಲೆಯ ವರದಿಯನ್ನು ನಾಟಕದ ಬಣ್ಣ ಹಚ್ಚಿ ಹೇಳಿದವು, ಹೇಳುವವನ ದನಿಯೇ ಅಲ್ಲಿ ನಾಯಕ. ಟಿ.ಎನ್. ಸೀತಾರಾಮ್ 'ಮಾಯಾಮೃಗ'ದಿಂದ ಹಿಡಿದು ನ್ಯಾಯಾಲಯದ ಕಟಕಟೆಯನ್ನು ಕನ್ನಡ ಮನೆಗಳ ಪಡಸಾಲೆಗೆ ತಂದರು. ಅದು ದೊಡ್ಡ ಕೆಲಸ, ಅದರ ಹಿಂದೆ ಓದಿದ, ವಾದಿಸಿದ ಮನಸ್ಸಿತ್ತು. ಆದರೆ ಕಟಕಟೆಗೆ ಬರುವ ಮುಂಚಿನದು, ಎಫ್‌ಐಆರ್ ಬರೆಯುವ ಕೈ, ಪಂಚನಾಮೆಗೆ ಸಿಗದ ಸಾಕ್ಷಿ, ಮೇಲಿನಿಂದ ಬರುವ ಫೋನು, ಇದೆಲ್ಲ ಕನ್ನಡದಲ್ಲಿ ಇನ್ನೂ ಖಾಲಿ ಹೊಲ. ಹಿಂದಿಯಲ್ಲಿ 2012ರ ದೆಹಲಿ ಅತ್ಯಾಚಾರ ಪ್ರಕರಣವನ್ನಾಧರಿಸಿದ 'ಡೆಲ್ಲಿ ಕ್ರೈಂ' 2020ರ ಇಂಟರ್‌ನ್ಯಾಷನಲ್ ಎಮ್ಮಿಯಲ್ಲಿ ಅತ್ಯುತ್ತಮ ನಾಟಕ ಸರಣಿ ಎನಿಸಿಕೊಂಡಿತು. ಭಾರತದ ಸರಣಿಯೊಂದಕ್ಕೆ ಆ ಪ್ರಶಸ್ತಿ ಬಂದದ್ದು ಅದೇ ಮೊದಲು. ಪೊಲೀಸ್ ಠಾಣೆಯ ಕರೆಂಟು ಹೋಗುವುದು, ಜೀಪಿಗೆ ಡೀಸೆಲ್ ಇಲ್ಲದಿರುವುದು ಇಂಥವೂ ನಾಟಕದ ವಸ್ತುವಾಗಬಹುದು ಎಂಬುದು ಅಲ್ಲಿ ಕಂಡಿತು.

ಇಲ್ಲಿ ಒಂದು ಮಾತನ್ನು ಒಪ್ಪಿಕೊಂಡು ಮುಂದೆ ಹೋಗಬೇಕು. ಪೊಲೀಸನನ್ನು ನಾಯಕನಾಗಿ ನೋಡುವುದು ನಮ್ಮ ಸೀಮೆಗೆ ಸಹಜವಲ್ಲ. 'ಡಿಕ್ಸನ್ ಆಫ್ ಡಾಕ್ ಗ್ರೀನ್' 1955ರಿಂದ 1976ರವರೆಗೆ ಇಂಗ್ಲೆಂಡಿನ ಮನೆಗಳಲ್ಲಿ ಪೊಲೀಸ್ ಪೇದೆಯನ್ನು ಓಣಿಯ ಹಿರಿಯನಂತೆ ತೋರಿಸಿತು. ಅದೇ ಇಂಗ್ಲೆಂಡಿನವರ ಆಳ್ವಿಕೆಯಲ್ಲಿ ಕಿತ್ತೂರಿನ ಸುತ್ತ ಯಾರನ್ನು ಅಪರಾಧಿ ಎಂದು ದಫ್ತರದಲ್ಲಿ ಬರೆದರೋ ಅವನೇ ಲಾವಣಿಯಲ್ಲಿ ವೀರನಾದ. ಸಂಗೊಳ್ಳಿ ರಾಯಣ್ಣನನ್ನು 1831ರಲ್ಲಿ ನಂದಗಡದಲ್ಲಿ ಗಲ್ಲಿಗೇರಿಸಿದರು, ಸರ್ಕಾರದ ಕಾಗದದಲ್ಲಿ ಅದೊಂದು ಶಿಕ್ಷೆ. ಜನ ಆ ಸ್ಥಳದಲ್ಲಿ ಇಂದಿಗೂ ಹರಕೆ ಹೊರುತ್ತಾರೆ. 1857ರ ಹಲಗಲಿ ಬೇಡರ ಕತೆಯೂ ಹೀಗೆಯೇ ಹಾಡಾಗಿ ಉಳಿಯಿತು. ನಮ್ಮ ಹಾಡುಗಾರರು ಗಲ್ಲುಗಂಬದ ಕಡೆ ನಿಂತು ಹಾಡಿದವರು, ಫೌಜದಾರನ ಕಡೆ ನಿಂತು ಹಾಡಿದವರಲ್ಲ. ಅದಕ್ಕೇ ನಮ್ಮ ಆಟ, ನಾಟಕ, ಸಿನಿಮಾಗಳಲ್ಲಿ ಪೊಲೀಸ್ ಬಂದರೆ ಒಂದೋ ನಗೆಪಾತ್ರ, ಇಲ್ಲವೇ ಸಾಂಗ್ಲಿಯಾನನಂತೆ ಒಬ್ಬನೇ ಊರು ಸರಿಮಾಡುವ ಶೂರ. ನಡುವಿನ ಮನುಷ್ಯ ಬಂದದ್ದು ಅಪರೂಪ.

ಆದರೆ ಇದೇ ಕಾರಣಕ್ಕೆ ಪೊಲೀಸ್ ನಾಟಕ ನಮಗೆ ಒಗ್ಗುವುದಿಲ್ಲ ಎನ್ನುವುದು ಅವಸರದ ಮಾತು. ಇಂಗ್ಲೆಂಡಿನಲ್ಲಿ ಪ್ರಶಸ್ತಿ ಗಿಟ್ಟಿಸಿದ ಪೊಲೀಸ್ ಸರಣಿಗಳ ಪಟ್ಟಿ ನೋಡಿದರೆ, ಮಂಡಳಿಗಳು ಮೆಚ್ಚಿದ್ದು ಡಿಕ್ಸನ್‌ನಂಥ ಸಾಧುವನ್ನಲ್ಲ. 'ಪ್ರೈಮ್ ಸಸ್ಪೆಕ್ಟ್' ಗಂಡಸರ ಠಾಣೆಯಲ್ಲಿ ಅಧಿಕಾರಿಯಾದ ಹೆಂಗಸಿನ ಕತೆ. ಹೆಲೆನ್ ಮಿರೆನ್ 1992, 1993, 1994 ಹೀಗೆ ಸತತ ಮೂರು ವರ್ಷ ಅದಕ್ಕಾಗಿ ಬಾಫ್ಟಾ ಪಡೆದರು. 2025ರಲ್ಲಿ ಅತ್ಯುತ್ತಮ ಸರಣಿಯಾದ 'ಬ್ಲೂ ಲೈಟ್ಸ್' ಬೆಲ್‌ಫಾಸ್ಟ್ ನಗರದ್ದು. ಪೊಲೀಸಿನವನು ಎಂದು ನೆರೆಮನೆಯವರಿಗೆ ಹೇಳಲೂ ಅಂಜುವ ಊರು ಅದು. ಅಲ್ಲಿ ಸಮವಸ್ತ್ರ ತೊಟ್ಟವನನ್ನು ಅರ್ಧ ಊರು ಆಳುವವರ ಏಜೆಂಟ್ ಎಂದೇ ನೋಡಿದೆ. ಅದನ್ನು ಬರೆದವರು ಪತ್ರಕರ್ತರಾಗಿದ್ದ ಡೆಕ್ಲನ್ ಲಾನ್ ಮತ್ತು ಆ್ಯಡಮ್ ಪ್ಯಾಟರ್ಸನ್. ವರದಿಗಾರಿಕೆಯಲ್ಲಿ ಕಂಡದ್ದನ್ನು ಹೊಸದಾಗಿ ಸೇರಿದ ಮೂವರು ಪೇದೆಗಳ ಪಾಡಾಗಿ ತಿರುಗಿಸಿದರು. ಅಂದರೆ ಪೊಲೀಸರನ್ನು ನಂಬದ ನಾಡಿನಿಂದಲೇ ಒಳ್ಳೆಯ ಪೊಲೀಸ್ ನಾಟಕ ಬಂತು. ನಮ್ಮ ಅಪನಂಬಿಕೆ ನಮಗೆ ಬಂಡವಾಳವಾಗಬಹುದಿತ್ತು.

ಕೃತಿಯನ್ನು ತೂಗುವ ಮಂಡಳಿ ಬೇಕು ಎಂಬುದಕ್ಕೆ ಎದುರು ವಾದ ಗಟ್ಟಿಯಾಗಿಯೇ ಇದೆ. ಜನರ ಮೆಚ್ಚುಗೆಗಿಂತ ದೊಡ್ಡ ತೀರ್ಪುಗಾರ ಯಾರು? ಸಂಗ್ಯಾ ಬಾಳ್ಯಾ ಯಾವ ಮಂಡಳಿಯ ಅಪ್ಪಣೆಯೂ ಇಲ್ಲದೆ ಇಷ್ಟು ಕಾಲ ಬದುಕಲಿಲ್ಲವೇ? 'ಲೈನ್ ಆಫ್ ಡ್ಯೂಟಿ'ಯ ಉದಾಹರಣೆಯೂ ಈ ವಾದದ ಪರವಾಗಿದೆ. ಪೊಲೀಸರ ಒಳಗಿನ ಭ್ರಷ್ಟರನ್ನು ಹಿಡಿಯುವ ಪೊಲೀಸರ ಕತೆ ಅದು. 2021ರ ಮೇ 2ರಂದು ಆರನೆಯ ಭಾಗದ ಕೊನೆಯ ಕಂತನ್ನು ಆ ರಾತ್ರಿಯೇ ಸುಮಾರು 1.28 ಕೋಟಿ ಜನ ನೋಡಿದರು. ಜನರ ಮತದ ನ್ಯಾಷನಲ್ ಟೆಲಿವಿಷನ್ ಅವಾರ್ಡ್ಸ್ ಅದೇ ವರ್ಷ ಅದನ್ನು ಹೊತ್ತು ಮೆರೆಸಿತು. ಆದರೆ ಬಾಫ್ಟಾದ ಅತ್ಯುತ್ತಮ ನಾಟಕ ಸರಣಿ ಎಂಬುದು ಅದಕ್ಕೆ ಒಮ್ಮೆಯೂ ಸಿಗಲಿಲ್ಲ. ಮಂಡಳಿಗಳು ಕಣ್ಣಿಗೆ ಪಟ್ಟಿ ಕಟ್ಟಿಕೊಂಡು ಕೂಡುತ್ತವೆ ಎಂಬುದಕ್ಕೆ ಇದಕ್ಕಿಂತ ಸಾಕ್ಷಿ ಬೇಕೇ ಎಂದು ಕೇಳಬಹುದು.

ನನ್ನ ಮಟ್ಟಿಗೆ ಅದು ಮಂಡಳಿ ತನ್ನ ಕೆಲಸ ಮಾಡಿದ್ದಕ್ಕೆ ಸಾಕ್ಷಿ. ಜನ ನೋಡಿದ್ದನ್ನೇ ಮಂಡಳಿಯೂ ಆರಿಸುವುದಾದರೆ ಮಂಡಳಿ ಯಾಕೆ, ಟಿಆರ್‌ಪಿ ಹಾಳೆ ಸಾಕು. 'ಲೈನ್ ಆಫ್ ಡ್ಯೂಟಿ' ನನಗೂ ಇಷ್ಟ, ವಿಚಾರಣೆಯ ಕೊಠಡಿಯ ಆ ಉದ್ದುದ್ದ ದೃಶ್ಯಗಳಿಗೆ ಸಾಟಿಯಿಲ್ಲ. ಆದರೆ ಕೊನೆಯ ಗುಟ್ಟಿಗಾಗಿ ಆರು ಭಾಗ ಓಡಿಸಿ, ಗುಟ್ಟು ರಟ್ಟಾದಾಗ ಅರ್ಧ ಇಂಗ್ಲೆಂಡೇ 'ಇಷ್ಟೇನಾ' ಎಂದಿತು. ಜನಪ್ರಿಯತೆಯೂ ಶ್ರೇಷ್ಠತೆಯೂ ಒಂದೇ ದಿನ ಒಂದೇ ಮನೆಗೆ ಬರಲೇಬೇಕೆಂದಿಲ್ಲ. ಎರಡಕ್ಕೂ ಬೇರೆ ಬಾಗಿಲು ಇಟ್ಟುಕೊಂಡ ಸಮಾಜಕ್ಕೆ ಜಗಳವಾದರೂ ಮಾಡಲು ಬರುತ್ತದೆ. ಸಂಗ್ಯಾ ಬಾಳ್ಯಾ ಮಂಡಳಿಯಿಲ್ಲದೆ ಬದುಕಿತು, ನಿಜ. ಆದರೆ ಅದೊಂದೇ ಬದುಕಿತು ಎಂಬುದನ್ನೂ ಹೇಳಬೇಕಲ್ಲ. ಅದರ ಬೆನ್ನಿಗೆ ಬಂದ, ನಮ್ಮ ಕಾಲದ ಒಂದು ಕೊಲೆಯನ್ನು ಅಷ್ಟೇ ನಿಷ್ಠುರವಾಗಿ ನೋಡಿದ ಹೊಸ ಸಣ್ಣಾಟ ಎಷ್ಟು ಮಂದಿಗೆ ನೆನಪಿದೆ? ಹಳೆಯದನ್ನೇ ಮತ್ತೆ ಮತ್ತೆ ಆಡುವುದು ಪ್ರೀತಿಯಿಂದಲೂ ಇರಬಹುದು, ಹೊಸದನ್ನು ಯಾರೂ ಕೇಳುವುದಿಲ್ಲ ಎಂಬ ಸೋಲಿನಿಂದಲೂ ಇರಬಹುದು.

ಮಂಡಳಿಯ ಇನ್ನೊಂದು ಕೆಲಸ 'ಇಲ್ಲ' ಎನ್ನುವುದು. ಕೇರಳದಲ್ಲಿ ಟೆಲಿವಿಷನ್ ಕೃತಿಗಳಿಗೂ ರಾಜ್ಯ ಸರ್ಕಾರದ ಪ್ರಶಸ್ತಿಯಿದೆ. 2021ರ ಸೆಪ್ಟೆಂಬರಿನಲ್ಲಿ ಅಲ್ಲಿನ ತೀರ್ಪುಗಾರರು ಅತ್ಯುತ್ತಮ ಧಾರಾವಾಹಿ ಎಂದು ಯಾವುದನ್ನೂ ಆರಿಸಲು ಒಪ್ಪಲಿಲ್ಲ, ಆರಿಸುವ ಯೋಗ್ಯತೆಯದು ಬಂದಿಲ್ಲ ಎಂದು ಹೇಳಿದರು. ಧಾರಾವಾಹಿಗಳಲ್ಲಿ ಹೆಂಗಸರನ್ನೂ ಮಕ್ಕಳನ್ನೂ ತೋರಿಸುವ ರೀತಿಯ ಬಗ್ಗೆಯೂ ಆಕ್ಷೇಪ ಎತ್ತಿದರು. ಆ ವಿಭಾಗದಲ್ಲಿ ಯಾರಿಗೂ ಬಹುಮಾನ ಹೋಗದ ಆ ವರ್ಷ ಅಲ್ಲಿನ ಪತ್ರಿಕೆಗಳಲ್ಲಿ ಧಾರಾವಾಹಿಯ ಬಗ್ಗೆ ನಡೆದ ಚರ್ಚೆ, ಬಹುಮಾನ ಕೊಟ್ಟಿದ್ದರೆ ನಡೆಯುತ್ತಿರಲಿಲ್ಲ. ಕರ್ನಾಟಕದಲ್ಲಿ ಸಿನಿಮಾಕ್ಕೆ 1966-67ರಿಂದ ರಾಜ್ಯ ಪ್ರಶಸ್ತಿಯಿದೆ. ಧಾರಾವಾಹಿಗೆ ಅಷ್ಟು ತೂಕದ್ದೇನೂ ಬೇರೂರಿಲ್ಲ. ಸಿನಿಮಾ ಪ್ರಶಸ್ತಿಯ ಪಾಡೂ ಹೇಳುವಂತಿಲ್ಲ, 2019ರ ಚಿತ್ರಗಳಿಗೆ ಪ್ರಶಸ್ತಿ ಪ್ರಕಟವಾದದ್ದು 2025ರ ಜನವರಿಯಲ್ಲಿ. ಐದು ವರ್ಷ ಹಳೆಯ ತೀರ್ಪಿನಿಂದ ಯಾವ ಬರಹಗಾರ ತನ್ನ ಮುಂದಿನ ಚಿತ್ರಕಥೆ ತಿದ್ದಿಕೊಂಡಾನು? ಅತ್ಯುತ್ತಮ ನಟ ಎಂದು ಘೋಷಿತರಾದ ಸುದೀಪ್ ತಮಗೆ ಬೇಡ ಎಂದರು. ಹೊತ್ತು ಮೀರಿ ಬಂದ ಆಯೇರಿಯನ್ನು ಬೇಡ ಎನ್ನುವ ಹಕ್ಕು ಕಲಾವಿದನಿಗೆ ಇದ್ದೇ ಇದೆ.

ಕೃತಿಯನ್ನು ತೂಗಲು ಕೂತರೆ ಇನ್ನೊಂದು ಪ್ರಶ್ನೆ ತಾನಾಗಿ ಏಳುತ್ತದೆ. ಗಂಗಿಯದು. ನೂರೈವತ್ತು ವರ್ಷದ ಹತ್ತಿರ ಹತ್ತಿರ ಈ ಸೀಮೆಯ ಊರೂರುಗಳಲ್ಲಿ ಗಂಗಿಯ ಹೆಸರು ಹಾಡಾಗಿದೆ. ಸಂಗ್ಯಾನಿಗೆ ಗೆಳೆಯ ದ್ರೋಹ ಬಗೆದ, ಈರಣ್ಣನಿಗೆ ಹೆಂಡತಿ ದ್ರೋಹ ಬಗೆದಳು, ಎರಡು ದ್ರೋಹಗಳ ಲೆಕ್ಕ ಆಟದಲ್ಲಿ ಚೊಕ್ಕಟವಾಗಿ ಸಿಗುತ್ತದೆ. ಗಂಗಿಗೆ ಯಾರು ಏನು ಬಗೆದರು ಎಂಬ ಲೆಕ್ಕ? ಆಸ್ತಿಯಂತೆ ಅವಳನ್ನು ಬಯಸಿದವನು ಒಬ್ಬ, ಮಾತಿನಲ್ಲಿ ಸಿಕ್ಕಿಸಿದವಳು ಒಬ್ಬಳು, ಮಾನದ ಹೆಸರಿನಲ್ಲಿ ಸಂಗ್ಯಾನನ್ನು ಕೊಂದವನು ಒಬ್ಬ. ಪಾತ್ರ ಮಾಡಿದವನೂ ಬಹುಕಾಲ ಗಂಡಸೇ. ಆಯೇರಿ ಕೊಡುವವನು ಈ ಪ್ರಶ್ನೆ ಕೇಳುವುದಿಲ್ಲ, ಅವನು ಹಾಡಿಗೆ ಮರುಳಾಗಿದ್ದಾನೆ. ರಾಜ್ಯೋತ್ಸವದ ಸಮಿತಿಯೂ ಕೇಳುವುದಿಲ್ಲ, ಅದು ವಯಸ್ಸು ನೋಡುತ್ತಿದೆ. ಒಂದು ವರ್ಷದ ಐದಾರು ಆಟಗಳನ್ನು ಪಕ್ಕಪಕ್ಕಕ್ಕೆ ಇಟ್ಟು ಯಾವುದು ಮೇಲು ಎಂದು ತಲೆ ಕೆಡಿಸಿಕೊಳ್ಳುವ ಐದು ಜನ ಇದ್ದರೆ ಮಾತ್ರ ಯಾರಾದರೂ ಒಬ್ಬರು ಕೇಳುತ್ತಾರೆ: ಈ ಆಟದಲ್ಲಿ ಗಂಗಿ ಏನು ಅನ್ನುತ್ತಾಳೆ? ಕೇಳಿದ ಮೇಲೆ, ಮುಂದಿನ ವರ್ಷ ಯಾರಾದರೂ ಅವಳ ಕಡೆಯಿಂದ ಆಟ ಕಟ್ಟಿಕೊಂಡು ಬರುತ್ತಾರೆ. 'ಹ್ಯಾಪಿ ವ್ಯಾಲಿ' ಅತ್ಯಾಚಾರದ ಕತೆಯನ್ನು ಅತ್ಯಾಚಾರಿಯ ಬೆನ್ನು ಹತ್ತಿ ಹೇಳಲಿಲ್ಲ, ಸತ್ತ ಹುಡುಗಿಯ ತಾಯಿಯ ಅಡುಗೆಮನೆಯಿಂದ ಹೇಳಿತು. ಅದರ ಗೆಲುವು ಅಲ್ಲಿತ್ತು.

ಇಂಥ ಪ್ರಶಸ್ತಿಗೆ ಹಣ ಎಲ್ಲಿಂದ ಎನ್ನುವವರಿಗೆ ಸಿರಸಂಗಿಯನ್ನೇ ತೋರಿಸುತ್ತೇನೆ. ಸಿರಸಂಗಿ ಲಿಂಗರಾಜ ದೇಸಾಯಿಯವರು 1861ರಲ್ಲಿ ಹುಟ್ಟಿ 1906ರಲ್ಲಿ ತೀರಿಕೊಂಡವರು. 1904ರಲ್ಲಿ ಧಾರವಾಡದಲ್ಲಿ ನಡೆದ ಮೊದಲ ವೀರಶೈವ ಮಹಾಸಭೆಯ ಅಧ್ಯಕ್ಷರು. ಅವರು ಆಸ್ತಿಯನ್ನು ವಿದ್ಯೆಗಾಗಿ ಬರೆದಿಟ್ಟರು, ಅದರಿಂದ ಓದಿದವರು ಈ ಭಾಗದಲ್ಲಿ ಅಸಂಖ್ಯ, ಬೆಳಗಾವಿಯ ಲಿಂಗರಾಜ ಕಾಲೇಜು ಅವರ ಹೆಸರನ್ನೇ ಹೊತ್ತಿದೆ. ಅವರ ದಾನದ ಗುಣ ಒಂದನ್ನು ನಾವು ಸರಿಯಾಗಿ ಗಮನಿಸಿಲ್ಲ. ಅವರು ಕಲಿತು ಮುಗಿಸಿ ದೊಡ್ಡವರಾದವರನ್ನು ಸನ್ಮಾನಿಸಲು ದುಡ್ಡಿಡಲಿಲ್ಲ. ಇನ್ನೂ ಕಲಿಯಬೇಕಾದ, ಯಾರೂ ಹೆಸರು ಕೇಳದ ಹುಡುಗರ ಮೇಲೆ ಇಟ್ಟರು. ನಮ್ಮ ಪ್ರಶಸ್ತಿಗಳ ದಿಕ್ಕನ್ನು ತಿರುಗಿಸಬೇಕಾದದ್ದು ಅಷ್ಟೇ.

ಒಂದು ರಾಜ್ಯೋತ್ಸವ ಪ್ರಶಸ್ತಿಯ ಮೊತ್ತವಾದ ಐದು ಲಕ್ಷವನ್ನು ಬೆಳಗಾವಿ ಜಿಲ್ಲೆಯಲ್ಲಿ ಪ್ರತಿ ವರ್ಷ ಬೇರೆ ರೀತಿ ಖರ್ಚು ಮಾಡಬಹುದು. ಎರಡು ಲಕ್ಷ ಆ ವರ್ಷದ ಅತ್ಯುತ್ತಮ ಹೊಸ ಸಣ್ಣಾಟಕ್ಕೆ, ತಂಡಕ್ಕೆ, ಒಬ್ಬನಿಗಲ್ಲ. ಒಂದು ಲಕ್ಷ ಅದನ್ನು ಬರೆದವರಿಗೆ. ಐವತ್ತು ಸಾವಿರ ಪೇಟಿಗೆ, ಐವತ್ತು ಸಾವಿರ ಮ್ಯಾಳಕ್ಕೆ. ಉಳಿದ ಒಂದು ಲಕ್ಷ, ಗೆದ್ದ ಆಟವನ್ನು ಸರಿಯಾಗಿ ಚಿತ್ರೀಕರಿಸಿ ದಾಖಲಿಸುವುದಕ್ಕೆ. ವಸ್ತು ಏನೇ ಇರಲಿ, ನಮ್ಮ ಕಾಲದ್ದಾಗಿರಬೇಕು ಎಂಬುದೊಂದೇ ಕಟ್ಟಳೆ. ತೀರ್ಪುಗಾರರಲ್ಲಿ ಒಬ್ಬ ಹಳೆಯ ಸಣ್ಣಾಟದ ಮಾಸ್ತರ, ಬೈಲಹೊಂಗಲ ಕೋರ್ಟಿನಲ್ಲಿ ವಕೀಲಿ ಮಾಡುವ ಒಬ್ಬ ಹೆಣ್ಣುಮಗಳು, ನಿವೃತ್ತ ಫೌಜದಾರ ಒಬ್ಬರು, ಕಾಲೇಜಿನಲ್ಲಿ ಜಾನಪದ ಕಲಿಸುವವರು ಒಬ್ಬರು, ಆಟ ನೋಡಿ ನೋಡಿ ಮುದುಕಿಯಾದ ಹಳ್ಳಿಯ ಒಬ್ಬ ತಾಯಿ ಇರಲಿ. ಐವರೂ ಎಲ್ಲ ಆಟಗಳನ್ನೂ ಪೂರ್ತಿ, ರಾತ್ರಿಯಿಡೀ ಕೂತು ನೋಡಬೇಕು. ನೋಡಿದ ಮೇಲೆ ಯಾವುದನ್ನು ಯಾಕೆ ಆರಿಸಿದೆವು, ಯಾವುದನ್ನು ಯಾಕೆ ಬಿಟ್ಟೆವು ಎಂದು ಎರಡು ಪುಟ ಬರೆದು ಸಹಿ ಹಾಕಬೇಕು. ಆ ಎರಡು ಪುಟ ಗೆದ್ದವರ ಕೈಗಷ್ಟೇ ಅಲ್ಲ, ಸೋತ ತಂಡಗಳ ಕೈಗೂ ಹೋಗಬೇಕು. ಅವರಿಗೆ ಒಪ್ಪಿಗೆಯಾಗದಿದ್ದರೆ ಮುಂದಿನ ಜಾತ್ರೆಯಲ್ಲಿ ಮೈಕಿನ ಮುಂದೆಯೇ ಬಂದು ಜಗಳ ಮಾಡಲಿ.